ಕುಕ್ಕರ್ ಕೂಗಲಿಲ್ಲ

ನಾನಿದನ್ನು ಬರೆಯುತ್ತಿರುವಾಗ ನಮ್ಮ ಮನೆಯ ಐದು ಲೀಟರಿನ ಕುಕ್ಕರ್ ಹುಣಸೆಹಣ್ಣಿನ ನೀರು ತುಂಬಿಕೊಂಡು ಸಿಂಕಿನಲ್ಲಿ ಕೂತಿದೆ. ಬೆಳಿಗ್ಗೆ ತೊಗರಿಬೇಳೆಯಾಗಿದ್ದ ಪದಾರ್ಥ ಈಗ ಅದರ ತಳದಲ್ಲಿ ಡಾಂಬರಿನ ಹಾಗೆ ಹತ್ತಿಕೊಂಡಿದೆ. ಸೌಟಿನ ಹಿಂಬದಿಯಿಂದ ಕೆರೆದೆ, ಸೌಟು ಬಾಗಿತು. ನಮ್ಮ ಬೀದಿಗೆ ಹೋದ ವರ್ಷ ಹಾಕಿದ ಡಾಂಬರು ಇಷ್ಟು ಗಟ್ಟಿಯಾಗಿದ್ದರೆ ನಾವು ಗುಂಡಿಗಳನ್ನು ಎಣಿಸಬೇಕಿರಲಿಲ್ಲ.

ಹೆಂಡತಿ ಆಫೀಸಿಗೆ ಹೊರಡುವಾಗ ಹೇಳಿದ್ದು ಒಂದೇ ಮಾತು. “ರೀ, ಮೂರು ಕೂಗು ಕೂಗಿದ ಮೇಲೆ ಆಫ್ ಮಾಡಿ. ಮರೀಬೇಡಿ.” ವಿಆರ್‌ಎಸ್ ತೆಗೆದುಕೊಂಡು ಮನೆಯಲ್ಲಿರುವ ಗಂಡಸಿಗೆ ಇದಕ್ಕಿಂತ ದೊಡ್ಡ ಜವಾಬ್ದಾರಿಯನ್ನು ಯಾರೂ ವಹಿಸುವುದಿಲ್ಲ. ದೇವರಾಣೆಗೂ ನಾನು ಮರೆಯಲಿಲ್ಲ. ಕುಕ್ಕರ್ ಕೂಗಲಿಲ್ಲ, ಅಷ್ಟೇ.

ಹತ್ತು ನಿಮಿಷವಾಯಿತು. ಸುಸ್ ಅನ್ನುವ ಸದ್ದು ಬಿಟ್ಟರೆ ಬೇರೇನೂ ಇಲ್ಲ. ಆವಿಯೆಲ್ಲ ಪಕ್ಕದಿಂದ ಸೋರುತ್ತಿತ್ತು. ಅದು ಗ್ಯಾಸ್ಕೆಟ್ಟಿನ ದೋಷವೆಂದು ನಮ್ಮನೆ ಕೆಲಸದಾಕೆಗೂ ಗೊತ್ತು. ಆದರೆ ಓದಿದವರಿಗೆ ಕೆಟ್ಟ ಅಭ್ಯಾಸವೊಂದಿದೆ, ಓದುತ್ತಾರೆ. ಫೋನ್ ತೆಗೆದು ವಿಕಿಪೀಡಿಯದಲ್ಲಿ ಪ್ರೆಶರ್ ಕುಕ್ಕರಿನ ಪುಟ ತೆರೆದೆ. ಇದನ್ನು ಕಂಡುಹಿಡಿದವನು ಡೆನಿಸ್ ಪಾಪಿನ್ ಎಂಬ ಫ್ರೆಂಚ್ ಮನುಷ್ಯ, 1679ರಲ್ಲಿ. ಮೂಳೆ ಮೆತ್ತಗಾಗುವಷ್ಟು ಬೇಯಿಸುತ್ತಿದ್ದನಂತೆ. ಪಾಪಿನ್ ಮೇಲೆ ಒತ್ತಿದೆ. ಅವನು ಪ್ಯಾರಿಸ್ಸಿನಲ್ಲಿ ಹೈಗನ್ಸ್ ಎಂಬ ವಿಜ್ಞಾನಿಯ ಸಹಾಯಕನಾಗಿದ್ದ. ಹೈಗನ್ಸ್ ಮೇಲೆ ಒತ್ತಿದೆ. ಅವನು 1655ರಲ್ಲಿ ಶನಿಯ ಚಂದ್ರ ಟೈಟನ್ ಅನ್ನು ಕಂಡುಹಿಡಿದವನು. ಅದರ ಮೇಲೂ ಒತ್ತಿದೆ. ಮೂಗಿಗೆ ವಾಸನೆ ಬಡಿದಾಗ ನಾನು ಟೈಟನ್ ಮೇಲಿದ್ದೆ. ಅಲ್ಲಿ ಮೀಥೇನಿನ ಕೆರೆಗಳೇ ಇವೆ. ನಮ್ಮ ಕುಕ್ಕರಿನಲ್ಲಿ ಒಂದು ಹನಿ ನೀರಿರಲಿಲ್ಲ.

‘ವಿಕಿ’ ಅಂದರೆ ಹವಾಯಿ ಭಾಷೆಯಲ್ಲಿ ‘ಬೇಗ’ ಎಂದರ್ಥ. ಹೊನೊಲುಲು ವಿಮಾನ ನಿಲ್ದಾಣದಲ್ಲಿ ಓಡುವ ಬಸ್ಸಿನ ಹೆಸರನ್ನು ನೋಡಿ ವಾರ್ಡ್ ಕನಿಂಗ್‌ಹ್ಯಾಮ್ ಎಂಬಾತ 1995ರಲ್ಲಿ ತನ್ನ ತಾಣಕ್ಕೆ ಆ ಹೆಸರಿಟ್ಟ. ಬೇಗವಂತೆ! ಇದೂ ನನಗೆ ಇಂಥದೇ ಒಂದು ಮಧ್ಯಾಹ್ನ, ಕರೆಂಟ್ ಬಿಲ್ ಕಟ್ಟಲು ಕೂತಾಗ ಗೊತ್ತಾದದ್ದು. ಬಿಲ್ಲನ್ನು ಆಮೇಲೆ ದಂಡದ ಸಮೇತ ಕಟ್ಟಿದೆ.

ಈ ರೋಗ ಹತ್ತಿಸಿದವಳು ಅಕ್ಕನ ಮಗಳು. ಹೋದ ಗಣೇಶನ ಹಬ್ಬಕ್ಕೆ ಹಾಸ್ಟೆಲಿನಿಂದ ಬಂದಿದ್ದಳು. ಕಡುಬು ತಿಂದು ಎಲ್ಲರೂ ತೂಕಡಿಸುತ್ತಿದ್ದಾಗ, “ಮಾವ, ಒಂದು ಆಟ ಆಡೋಣ ಬನ್ನಿ” ಅಂದಳು. ಒಂದು ಪುಟದಿಂದ ಹೊರಟು ಇನ್ನೊಂದು ಪುಟ ಮುಟ್ಟಬೇಕು. ನೀಲಿ ಅಕ್ಷರದ ಕೊಂಡಿಗಳನ್ನು ಮಾತ್ರ ಒತ್ತಬೇಕು. ಹುಡುಕುವ ಹಾಗಿಲ್ಲ, ಹಿಂದಕ್ಕೆ ಬರುವ ಹಾಗಿಲ್ಲ, ಮೊದಲು ಮುಟ್ಟಿದವರು ಗೆದ್ದ ಹಾಗೆ. ಹೊರಡುವ ಊರು ರವೆ ಇಡ್ಲಿ, ಸೇರುವ ಊರು ಹಿಟ್ಲರ್.

ರವೆ ಇಡ್ಲಿಗೂ ಹಿಟ್ಲರನಿಗೂ ಎತ್ತಣಿಂದೆತ್ತ ಸಂಬಂಧ ಅಂತ ನಾನು ತಲೆ ಕೆರೆಯುವಷ್ಟರಲ್ಲಿ ಅವಳು “ಆಯ್ತು” ಅಂದಳು. ಎರಡೇ ಒತ್ತು! ಎರಡನೇ ಮಹಾಯುದ್ಧದ ಕಾಲದಲ್ಲಿ ಅಕ್ಕಿಗೆ ಅಭಾವ ಬಂದಾಗ ಬೆಂಗಳೂರಿನ ಮಾವಳ್ಳಿ ಟಿಫನ್ ರೂಮಿನವರು ರವೆಯಲ್ಲಿ ಇಡ್ಲಿ ಮಾಡಿ ನೋಡಿದರು ಅನ್ನುವುದು ಅದರ ಜನ್ಮಕಥೆ. ಇಡ್ಲಿಯಿಂದ ಯುದ್ಧ, ಯುದ್ಧದಿಂದ ಹಿಟ್ಲರ್. ಆವತ್ತಿನಿಂದ ರವೆ ಇಡ್ಲಿ ಬಾಯಿಗಿಟ್ಟಾಗಲೆಲ್ಲ ಆ ಮೀಸೆ ಕಣ್ಣಮುಂದೆ ಬರುತ್ತದೆ.

ಆದರೆ ನನ್ನ ಕಥೆಯ ನಾಯಕ ಅವಳಲ್ಲ. ಅವಳ ಅಪ್ಪ, ನಮ್ಮ ಭಾವ.

ಭಾವ ಬ್ಯಾಂಕಿನಲ್ಲಿ ಮೂವತ್ತೈದು ವರ್ಷ ದುಡಿದು ನಿವೃತ್ತರಾದವರು. ಪೂರ್ತಿ ಓದದೆ ಯಾವ ಕಾಗದಕ್ಕೂ ಸಹಿ ಹಾಕಿದವರಲ್ಲ. ಆ ನಿಯಮವನ್ನು ಅವರು ಈ ಆಟಕ್ಕೂ ತಂದರು. ಕನ್ನಡಕ ಒರೆಸಿಕೊಂಡು, ಹಳೆಯ ಬ್ಯಾಂಕ್ ಡೈರಿಯೊಂದನ್ನು ತೊಡೆಯ ಮೇಲಿಟ್ಟುಕೊಂಡು, ರವೆ ಇಡ್ಲಿಯ ಪುಟವನ್ನು ಮೊದಲ ಸಾಲಿನಿಂದ ಗಟ್ಟಿಯಾಗಿ ಓದತೊಡಗಿದರು. ಮಗಳು ಆಗಲೇ ಗೆದ್ದು ಕಾಫಿ ಕುಡಿಯಲು ಹೋಗಿದ್ದಳು. ಇವರಿನ್ನೂ ಒಗ್ಗರಣೆಯ ಹತ್ತಿರ ಇದ್ದರು. “ನೋಡಯ್ಯಾ, ಮೇಲೊಂದು ಗೋಡಂಬಿ ಇಡಬೇಕು ಅನ್ನೋದನ್ನೇ ಬರೆದಿಲ್ಲ” ಅಂತ ಆಕ್ಷೇಪಣೆ ಬೇರೆ. ಯುದ್ಧದ ಕೊಂಡಿ ಕಣ್ಣೆದುರಿಗೇ ಇತ್ತು. ಅದನ್ನು ಬಿಟ್ಟು ರವೆಯನ್ನು ಒತ್ತಿದರು. “ಅಲ್ಲ ಭಾವ, ಯುದ್ಧ ಅಲ್ಲೇ ಇದೆಯಲ್ಲ” ಅಂದರೆ, “ಮೂಲ ದಾಖಲೆ ನೋಡದೆ ಯುದ್ಧಕ್ಕೆ ಹೋಗಬಾರದು” ಅಂದರು.

ರವೆಯಿಂದ ಡ್ಯೂರಮ್ ಗೋಧಿಗೆ ಹೋದರು. ಗೋಧಿಯ ಪುಟ ಪೂರ್ತಿ ಓದಿದರು. ಅಲ್ಲಿಂದ ಪಾಸ್ತಾಕ್ಕೆ. “ಇದು ನಮ್ಮ ಶಾವಿಗೆಯ ಮನೆತನವೇ ಕಣೆ” ಎಂದು ಅಡುಗೆಮನೆಯಲ್ಲಿದ್ದ ಅಕ್ಕನಿಗೆ ಕೂಗಿ ಹೇಳಿದರು. ಪಾಸ್ತಾದಿಂದ ಇಟಲಿ. ಒಂದೊಂದು ಪುಟ ದಾಟಿದಾಗಲೂ ಡೈರಿಯಲ್ಲಿ ಎಡಗಡೆ ಪುಟದ ಹೆಸರು, ಬಲಗಡೆ ಗಂಟೆ ನಿಮಿಷ ಬರೆದು ಅಡಿಗೆರೆ ಎಳೆದರು. ನಾವೆಲ್ಲ ಸಂಜೆಯ ಮಂಗಳಾರತಿಗೆ ಎದ್ದರೂ ಅವರು ಏಳಲಿಲ್ಲ. ಕೈಯಲ್ಲಿ ಫೋನ್, ಕಣ್ಣು ಫೋನಿನಲ್ಲಿ, ಆರತಿ ಮುಟ್ಟಿ ಕಣ್ಣಿಗೊತ್ತಿಕೊಂಡದ್ದು ಮಾತ್ರ ನೆಪಕ್ಕೆ. “ಸ್ವಲ್ಪ ತಡೀರೋ, ಮುಸೊಲಿನಿ ಮನೆ ಜಗಲಿ ಮೇಲೆ ಕೂತಿದೀನಿ. ಹಿಟ್ಲರ್ ಪಕ್ಕದ ಮನೆ.” ಒಟ್ಟು ಒಂದು ಗಂಟೆ ನಲವತ್ತು ನಿಮಿಷ ತಗೊಂಡು ಮುಟ್ಟಿದರು. ಮುಟ್ಟಿದ್ದನ್ನು ನೋಡಲು ಅಲ್ಲಿ ಯಾರೂ ಇರಲಿಲ್ಲ.

ಆಮೇಲೆ ಅವರಿಗೆ ಇನ್ನೊಂದು ಆಟ ಗೊತ್ತಾಯಿತು. ಇಂಗ್ಲಿಷ್ ವಿಕಿಪೀಡಿಯದ ಯಾವುದೇ ಪುಟದಲ್ಲಿ ಮೊದಲ ಕೊಂಡಿಯನ್ನೇ ಒತ್ತುತ್ತಾ ಹೋದರೆ ಬಹುಮಟ್ಟಿಗೆ ತತ್ತ್ವಶಾಸ್ತ್ರದ ಪುಟಕ್ಕೆ ಹೋಗಿ ಸೇರುತ್ತೀರಿ. 2016ರ ಲೆಕ್ಕದಲ್ಲಿ ನೂರಕ್ಕೆ 97 ಪುಟಗಳು ಹೀಗೆ ಅಲ್ಲಿಗೆ ಹೋಗುತ್ತಿದ್ದವು. ನಮ್ಮ ಭಾವನ ಪಾಲಿಗೆ ಬಂದದ್ದು ಉಳಿದ ಮೂರು. ಎರಡು ಪುಟಗಳು, ಇದರಲ್ಲಿ ಒತ್ತಿದರೆ ಅದು, ಅದರಲ್ಲಿ ಒತ್ತಿದರೆ ಇದು. ಬೇರೆಯವರಾಗಿದ್ದರೆ ಬಿಟ್ಟುಬಿಡುತ್ತಿದ್ದರು. ಭಾವ ಹನ್ನೊಂದು ಸುತ್ತು ಸುತ್ತಿದರು. “ಆ ಟೇಬಲ್ಲಿಗೆ ಹೋಗಿ ಅಂತಾನೆ, ಅಲ್ಲಿಗೆ ಹೋದರೆ ಈ ಟೇಬಲ್ಲಿಗೆ ಹೋಗಿ ಅಂತಾನೆ. ಖಾತೆ ಬದಲಾವಣೆಗೆ ಓಡಾಡಿದ ಹಾಗಾಯ್ತು” ಎಂದು ನನಗೆ ರಾತ್ರಿ ಹತ್ತೂವರೆಗೆ ಫೋನ್ ಮಾಡಿ ಹೇಳಿದರು.

ಇದೆಲ್ಲ ಇಂಗ್ಲಿಷಿನ ಮಾತು. ಕನ್ನಡದಲ್ಲಿ ಆಡೋಣ ಅಂತ ಒಂದು ಭಾನುವಾರ ಕೂತೆವು. ಕನ್ನಡ ವಿಕಿಪೀಡಿಯ 2003ರಲ್ಲೇ ಶುರುವಾದದ್ದು. ಆದರೆ ಇಂಗ್ಲಿಷಿನದು ಅರವತ್ತು ಲಕ್ಷ ಪುಟ ದಾಟಿದ್ದರೆ, ನಮ್ಮದು ಸಾವಿರಗಳಲ್ಲೇ ಇದೆ. ನಾಲ್ಕು ಹೆಜ್ಜೆ ಹಾಕುವಷ್ಟರಲ್ಲಿ ಕೆಂಪು ಕೊಂಡಿ ಸಿಕ್ಕಿತು. ಕೆಂಪು ಅಂದರೆ ಆ ಪುಟವನ್ನು ಇನ್ನೂ ಯಾರೂ ಬರೆದಿಲ್ಲ ಅಂತ. ಕೆಂಪು ಶಾಯಿ ಕಂಡರೆ ಭಾವನಿಗೆ ಮೊದಲಿಂದಲೂ ಆಗದು. “ಯಾರಾದರೂ ಬರೀಬಾರದಾ ಇದನ್ನ?” ಎಂದು ಸಿಡುಕಿದರು. “ಅಪ್ಪ, ಯಾರು ಬೇಕಾದರೂ ಬರೀಬಹುದು. ನೀವೇ ಬರೀರಿ” ಅಂದಳು ಮಗಳು. ಭಾವ ಕನ್ನಡಕ ಒರೆಸಿಕೊಂಡರು. ನಾನು ನೀರು ಕುಡಿಯಲು ಒಳಗೆ ಹೋದೆ.

ಒಳಗೆ ನಿಂತಾಗ ನೆನಪಾದದ್ದು ಹಾಸನದ ಲೈಬ್ರರಿ. ನಾನು ಈ ಆಟವನ್ನು ಹೈಸ್ಕೂಲಿನಲ್ಲೇ ಆಡಿದ್ದೆ, ಹೆಸರಿರಲಿಲ್ಲ ಅಷ್ಟೇ. ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ವಿಶ್ವಕೋಶದ ದಪ್ಪ ಸಂಪುಟಗಳು ಗಾಜಿನ ಬೀರುವಿನಲ್ಲಿದ್ದವು. ಲೇಖನದ ನಡುವೆ ಕಂಸದಲ್ಲಿ ‘ನೋಡಿ’ ಅಂತ ಇರುತ್ತಿತ್ತು. ನೋಡಬೇಕಾದರೆ ಎದ್ದು ಹೋಗಿ, ಬೀಗದ ಕೈ ಇಟ್ಟುಕೊಂಡವರನ್ನು ಕೇಳಿ, ಎರಡೂ ಕೈಯಲ್ಲಿ ಇನ್ನೊಂದು ಸಂಪುಟ ಹೊತ್ತು ತರಬೇಕು. ಮೊದಲ ಸಂಪುಟ ಬಂದದ್ದು 1969ರಲ್ಲಿ. ಹದಿನಾಲ್ಕನೆಯದು ಬರುವ ಹೊತ್ತಿಗೆ ನನಗೆ ಮದುವೆಯಾಗಿ ತಲೆಕೂದಲು ಉದುರತೊಡಗಿತ್ತು. ‘ಅ’ದಲ್ಲಿ ಓದುತ್ತಿರುವವನಿಗೆ ‘ಹ’ದಲ್ಲಿ ನೋಡಿ ಅಂತ ಬರೆದಿದ್ದರೆ, ಆ ‘ಹ’ ಇನ್ನೂ ಅಚ್ಚೇ ಆಗಿರುತ್ತಿರಲಿಲ್ಲ. “ಸಾರ್, ‘ಹ’ ಯಾವಾಗ ಬರುತ್ತೆ?” ಎಂದು ಕೇಳಿದ್ದೆ. ಅವರು ಪೇಪರಿನಿಂದ ತಲೆಯೆತ್ತದೆ, “ಬಂದಾಗ ಬರುತ್ತೆ ಕೂತ್ಕೊಳೋ” ಅಂದಿದ್ದರು. ಅಲ್ಲಿ ಕೂತು ಎಷ್ಟು ಮಧ್ಯಾಹ್ನ ಕಳೆದೆನೋ. ಆಗ ಅದನ್ನು ಯಾರೂ ಹೊತ್ತುಗಳೆಯುವುದು ಅನ್ನುತ್ತಿರಲಿಲ್ಲ, ಹುಡುಗ ಓದುತ್ತಾನೆ ಅನ್ನುತ್ತಿದ್ದರು. ಆಗ ನಾನು ಯಾವ ಕುಕ್ಕರನ್ನೂ ಕಾಯಬೇಕಾಗಿರಲಿಲ್ಲ, ಅದೂ ನಿಜ.

ಅದೇ ವಿಶ್ವಕೋಶದ ಎಷ್ಟೋ ಲೇಖನಗಳು ಈಗ ಕನ್ನಡ ವಿಕಿಪೀಡಿಯಕ್ಕೆ ಹಾಗೆಹಾಗೇ ಬಂದು ಕೂತಿವೆ. ಕೆಲವದರಲ್ಲಿ ಆ ‘ನೋಡಿ’ ಕೂಡ ಹಾಗೇ ಇದೆ. ಒತ್ತಿ ನೋಡಿದೆ. ಏನೂ ಆಗಲಿಲ್ಲ.

ಇರಲಿ, ಕುಕ್ಕರಿಗೆ ಬರುತ್ತೇನೆ. ಹುಣಸೆಹಣ್ಣಿಗೆ ಇದು ಜಗ್ಗುವ ಕರಿ ಅಲ್ಲ ಅನ್ನಿಸಿ ಮಧ್ಯಾಹ್ನ ಮೂರೂವರೆಗೆ ಅಕ್ಕನಿಗೆ ಫೋನ್ ಮಾಡಿದೆ. ಎತ್ತಿದ್ದು ಭಾವ. ಅಕ್ಕ ದೇವಸ್ಥಾನಕ್ಕೆ ಹೋಗಿದ್ದಳಂತೆ. ವಿಷಯ ಹೇಳಿದೆ. “ಅಷ್ಟೇನಾ? ಅಡುಗೆ ಸೋಡಾ ಹಾಕಿ ಕುದಿಸಿದರೆ ಬಿಟ್ಟುಕೊಳ್ಳುತ್ತೆ. ಎಷ್ಟು ಹಾಕಬೇಕು ಅಂತ... ತಡಿ, ಐದು ನಿಮಿಷದಲ್ಲಿ ನೋಡಿ ಹೇಳ್ತೀನಿ” ಅಂದರು.

ಹೆಂಡತಿ ಮನೆಗೆ ಬರುವುದು ಆರೂವರೆಗೆ. ಈಗ ಆರು ಹತ್ತು. ಇದೀಗ ಭಾವನ ಮೆಸೇಜು ಬಂತು: “ಈಜಿಪ್ಟಿನಲ್ಲಿದ್ದೇನೆ. ಹೆಣ ಕೆಡದ ಹಾಗೆ ಇಡೋಕೆ ಇವರೂ ಸೋಡಾನೇ ಬಳಸ್ತಿದ್ರು ಕಣಯ್ಯಾ. ಇನ್ನೊಂದೇ ಪುಟ.”