ಮಾವನವರು ಬಿಡಿಸಿದ ಗುಪ್ತಲಿಪಿ

ತಂತಿ ಕಚೇರಿಯಲ್ಲಿ ಆಯಸ್ಸು ಸವೆಸಿದವರ ಕಣ್ಣಿಗೆ ಇನ್ನೊಬ್ಬರ ಮೊಬೈಲ್ ಬೀಳಬಾರದು. ಶಾರ್ಜಾದ ನಮ್ಮ ಮನೆಗೆ ಬಂದಿದ್ದ ಮಾವನವರು, ಮೇಜಿನ ಮೇಲಿದ್ದ ನನ್ನ ಫೋನಿಗೆ ಬಂದ ಸಂದೇಶವನ್ನು ಕಂಡು ಕನ್ನಡಕ ಸರಿಮಾಡಿಕೊಂಡರು. ಇಂಗ್ಲಿಷ್ ಅಕ್ಷರಗಳಲ್ಲಿದ್ದ ಅದನ್ನು ಕನ್ನಡಕ್ಕೆ ಇಳಿಸಿದರೆ ಹೀಗೆ: ‘ಮರ್7ಬಾ, ಬುಕ್ರಾ ಎಲ್ 3ಝೂಮೆ ಎಲ್ ಸಾ3 7, ಜೀಬ್ ಮ3ಕ್ 5ಬ್ಜ್.’

“ಅಳಿಯಂದಿರೇ, ಇದು ಗುಪ್ತಲಿಪಿ” ಎಂದರು, ಬಾಗಿಲ ಕಡೆ ನೋಡುತ್ತ.

ಅವರ ಅನುಮಾನ ಬುಡವಿಲ್ಲದ್ದೇನೂ ಅಲ್ಲ. 2013ರ ಜುಲೈಯಲ್ಲಿ ನಿಂತುಹೋದ ನಮ್ಮ ತಂತಿ ಸೇವೆಯಲ್ಲಿ ಶುಭಾಶಯಗಳಿಗೆಲ್ಲ ಸಂಖ್ಯೆಗಳಿದ್ದವು. ಮದುವೆಗೊಂದು, ದೀಪಾವಳಿಗೊಂದು. ಈ ಕಡೆಯಿಂದ ಸಂಖ್ಯೆ ಹೋದರೆ ಆ ಕಡೆ ಇಡೀ ವಾಕ್ಯವಾಗಿ ಇಳಿಯುತ್ತಿತ್ತು. ಅಂಕಿ ಇದ್ದಲ್ಲಿ ಅದರ ಹಿಂದೊಂದು ಪಟ್ಟಿ ಇರಲೇಬೇಕು ಎಂಬುದು ಮಾವನವರ ಧರ್ಮ. ಕ್ಯಾಲೆಂಡರ್ ಹಾಳೆಯ ಬೆನ್ನಿಗೆ 7, 3, 3, 7, 3, 5 ಎಂದು ಬರೆದು ಕೂಡಿಸಿದರು. ಇಪ್ಪತ್ತೆಂಟು.

“ಇಪ್ಪತ್ತೆಂಟನೆಯ ತಾರೀಕು ಏನೋ ನಡೆಯಲಿದೆ.”

“ಸಂಕಷ್ಟಿ” ಎಂದರು ಅತ್ತೆ, ಅಡುಗೆಮನೆಯಿಂದ.

ನಾನು ವಿವರಿಸಲು ಕುಳಿತೆ. ಇದು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದ ಅರಬ್ಬಿ; ಇಂಗ್ಲಿಷಿನಲ್ಲಿ ಅಕ್ಷರವಿಲ್ಲದ ಧ್ವನಿಗಳಿಗೆ ಅಂಕಿ ಹಾಕುತ್ತಾರೆ. ಗುಟ್ಟು ಬರೆಯುವವನು ಪದಪದದ ನಡುವೆ ಹೀಗೆ ಜಾಗ ಬಿಡುವುದಿಲ್ಲ, ‘ಎಲ್’ ಎಂಬ ಅರಬ್ಬಿಯ ಗುರುತನ್ನು ಹೆಬ್ಬಾಗಿಲಲ್ಲೇ ನಿಲ್ಲಿಸುವುದಿಲ್ಲ. ಅಂಕಿಗಳು ಪದಕ್ಕೆ ಅಂಟಿಕೊಂಡಿವೆ. ಅವೂ ಅವವೇ ಅಂಕಿಗಳು. ಗಂಟಲಾಳದಿಂದ ಬರುವ ‘ಐನ್’ ಅಕ್ಷರವನ್ನು ಕನ್ನಡಿಯಲ್ಲಿ ನೋಡಿದರೆ 3ರಂತೆ ಕಾಣುತ್ತದೆ. ಒತ್ತಿ ನುಡಿಯುವ ‘ಹಾ’ಕ್ಕೆ 7, ‘ಖಾ’ಕ್ಕೆ 5. ತೊಂಬತ್ತರ ದಶಕದ ಎಷ್ಟೋ ಕಂಪ್ಯೂಟರು, ಮೊಬೈಲುಗಳಿಗೆ ಅರಬ್ಬಿ ಬರುತ್ತಿರಲಿಲ್ಲ. ಬಂದ ಮೇಲೂ, ಒಂದು ಎಸ್‌ಎಂಎಸ್‌ನಲ್ಲಿ ಇಂಗ್ಲಿಷ್ ಅಕ್ಷರವಾದರೆ 160 ಹಿಡಿಯುತ್ತಿದ್ದವು, ಅರಬ್ಬಿಯಾದರೆ 70 ಮಾತ್ರ. ಜಿಪುಣತನಕ್ಕಿಂತ ದೊಡ್ಡ ಲಿಪಿಕಾರ ಯಾರಿದ್ದಾರೆ? ಅಷ್ಟಕ್ಕೂ ಮಾವನವರು ಮಗಳಿಗೆ ಇಂಗ್ಲಿಷ್ ಅಕ್ಷರಗಳಲ್ಲಿ ಕಳಿಸುವ ಕನ್ನಡದಲ್ಲಿ, ಳ ಮತ್ತು ಣ ಬಂದಲ್ಲೆಲ್ಲ ಪದದ ನಡುವೆ ದೊಡ್ಡಕ್ಷರವೊಂದು ಧಿಗ್ಗನೆ ಎದ್ದು ನಿಲ್ಲುತ್ತದೆ. ಅದನ್ನು ಕಂಡ ಅರಬರು ಯಾರಾದರೂ ಪೊಲೀಸರಿಗೆ ಫೋನ್ ಮಾಡಿದರೆ ನಾನಂತೂ ಆಕ್ಷೇಪಿಸಲಾರೆ.

“ಹಾಗಾದರೆ ಇದರಲ್ಲಿ ಇರುವುದೇನು?”

“ನಮಸ್ಕಾರ, ನಾಳೆಯ ಔತಣ ಏಳು ಗಂಟೆಗೆ, ಬರುವಾಗ ಖುಬ್ಜ್, ಅಂದರೆ ರೊಟ್ಟಿ, ತಾ. ಪಕ್ಕದ ಮನೆಯ ಸಿರಿಯಾದವರು ತಮ್ಮನಿಗೆ ಕಳಿಸಲು ಹೋಗಿ ನನಗೆ ಕಳಿಸಿದ್ದಾರೆ.”

“ಮೊದಲನೆಯ 7?”

“ಅದು ಹಾ.”

“ಆಮೇಲಿನ 7?”

“ಅದು ಏಳೇ.”

ಮಾವನವರು ಪೆನ್ನಿನ ಮುಚ್ಚಳ ಹಾಕಿದರು. “ನಮ್ಮ ಇಲಾಖೆಯಲ್ಲಾಗಿದ್ದರೆ ಇವರನ್ನು ಸಸ್ಪೆಂಡ್ ಮಾಡುತ್ತಿದ್ದರು.”

ಸಂದೇಶ ದಾರಿ ತಪ್ಪಿದೆ ಎಂದು ತಿಳಿಸಿದ್ದಕ್ಕೆ, ನೀವೂ ಎಲ್ಲರೂ ಬನ್ನಿ ಎಂದರು ನೆರೆಯವರು. ಮರುದಿನ ಮಾವನವರು ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಖುಬ್ಜ್ ಕಟ್ಟನ್ನು ಎದೆಗವುಚಿಕೊಂಡು, ಏಳಕ್ಕೆ ಸರಿಯಾಗಿ ಗಂಟೆ ಒತ್ತಿದರು. ಬನಿಯನ್ನಿನಲ್ಲೇ ಬಂದು ಬಾಗಿಲು ತೆರೆದ ಮನೆಯ ಯಜಮಾನರು ನಮ್ಮನ್ನು ಕಂಡು ಒಳಗೋಡಿದರು. ಹಮ್ಮಸ್‌ನ ಕಡಲೆ ಇನ್ನೂ ಕುಕ್ಕರಿನಲ್ಲಿತ್ತು. ಉಳಿದ ಅತಿಥಿಗಳು ಬಂದದ್ದು ಒಂಬತ್ತರ ಮೇಲೆ.

“ಅಳಿಯಂದಿರೇ,” ಮಾವನವರು ನನ್ನ ಕಿವಿಯ ಬಳಿ ಬಾಗಿದರು, “ಆ 7 ಕೂಡ ಅಂಕಿಯಲ್ಲ.”