ಸತ್ಯಾಂಶ: ಒಂದೇ ಸಾಕ್ಷಿ, ಒಂದೇ ಏಟಾದರೆ ಕೊಲೆ ಕೇಸು ನಿಲ್ಲುವುದಿಲ್ಲವೇ?

"ಕಣ್ಣಾರೆ ಕಂಡವರು ಇಬ್ಬರಾದರೂ ಇಲ್ಲದಿದ್ದರೆ ಕೊಲೆ ಕೇಸು ಅಪೀಲಿನಲ್ಲಿ ಬಿದ್ದುಹೋಗುತ್ತದೆ; ಮನೆಯವರ ಸಾಕ್ಷಿ ಲೆಕ್ಕಕ್ಕಿಲ್ಲ; ಒಂದೇ ಏಟಾದರೆ ಕೊಲೆಯೇ ಅಲ್ಲ" ಎಂಬ ವಾಟ್ಸಾಪ್ ಸಂದೇಶ ಹರಿದಾಡುತ್ತಿದೆ. ಮೂರೂ ತಪ್ಪು.

ಇಷ್ಟೇ ಸಾಕ್ಷಿಗಳು ಬೇಕೆಂದು ಕಾನೂನು ಹೇಳುವುದಿಲ್ಲ. ಹಳೆಯ ಸಾಕ್ಷ್ಯ ಕಾಯ್ದೆಯ 134ನೇ ಕಲಮಿನಲ್ಲಿದ್ದ ಈ ನಿಯಮ, 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲೂ ಇದೆ. 1957ರ ವಡಿವೇಲು ತೇವರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಹತನಾದವನ ಹೆಂಡತಿಯೊಬ್ಬಳ ಸಾಕ್ಷ್ಯವನ್ನೇ ನಂಬಿ ಶಿಕ್ಷೆ ಎತ್ತಿಹಿಡಿಯಿತು. ಸಾಕ್ಷಿಯನ್ನು ಪೂರ್ತಿ ನಂಬಲೂ ಆಗದೆ, ತಳ್ಳಿಹಾಕಲೂ ಆಗದಿದ್ದಾಗ ಮಾತ್ರ ಬೇರೆ ಆಧಾರ ಹುಡುಕಬೇಕು ಎಂದಿತು. ಅಪೀಲು ನ್ಯಾಯಾಲಯ ಕೆದಕುವುದೂ ಇಲ್ಲೇ: ಬೆಳಕಿತ್ತೇ? ಹೇಳಿಕೆ ತಡವಾಯಿತೇ? ಮರಣೋತ್ತರ ವರದಿಗೆ ತಾಳೆಯಾಗುತ್ತದೆಯೇ? ಚಿಕ್ಕಪುಟ್ಟ ವ್ಯತ್ಯಾಸಕ್ಕೆ ಕೇಸು ಬೀಳದು. ಎಲ್ಲರೂ ಒಂದೇ ಪಾಠ ಒಪ್ಪಿಸಿದರೇ ಅನುಮಾನ ಬರಬೇಕು!

ಉದ್ದೇಶದ ವಿಚಾರ ಸೂಕ್ಷ್ಮ. 1958ರ ವಿರ್ಸಾ ಸಿಂಗ್ ಪ್ರಕರಣದಲ್ಲಿ ಹೊಟ್ಟೆಗೆ ಬಿದ್ದದ್ದು ಭರ್ಜಿಯ ಒಂದೇ ತಿವಿತ. ಆದರೂ ಅದು ಕೊಲೆಯೇ ಎಂದು ತೀರ್ಪಾಯಿತು. ಕೊಲ್ಲುವ ಇರಾದೆಯೇ ಇರಬೇಕೆಂದಿಲ್ಲ. ಆ ಗಾಯ ಮಾಡುವ ಉದ್ದೇಶವಿದ್ದು, ಅದು ಸಹಜವಾಗಿ ಸಾವು ತರುವಂಥದ್ದಾದರೆ ಸಾಕು. ಮುಂಚೆ ಯೋಚಿಸದೆ, ಹಠಾತ್ ಜಗಳದಲ್ಲಿ, ಕ್ರೌರ್ಯ ಮೆರೆಯದೆ ನಡೆದದ್ದಾದರೆ ಅಪರಾಧ ಕೊಲೆಯಲ್ಲದ ನರಹತ್ಯೆಗೆ ಇಳಿಯಬಹುದು. ಆಗಲೂ ಬಿಡುಗಡೆಯಲ್ಲ, ಕಡಿಮೆ ಶಿಕ್ಷೆ.