ಅಸಲಿಗೆ ಹೋದದ್ದು 443 ರೂಪಾಯಿ

2023ರ ಏಪ್ರಿಲ್ ತಿಂಗಳಲ್ಲಿ, ಆದಾಯ ತೆರಿಗೆಯ ಲೆಕ್ಕಕ್ಕೆ ಬೇಕೆಂದು, ನಮ್ಮ ಗೃಹಸಾಲದ ಬಡ್ಡಿ ಪ್ರಮಾಣಪತ್ರವನ್ನು ಬ್ಯಾಂಕಿನ ಆ್ಯಪ್‌ನಿಂದ ಇಳಿಸಿಕೊಂಡೆ. ಪ್ರತಿವರ್ಷ ಅದನ್ನು ತೆರೆದು ನೋಡದೆಯೇ ಕಚೇರಿಯ ಲೆಕ್ಕಪತ್ರ ವಿಭಾಗಕ್ಕೆ ಕಳುಹಿಸುವುದು ನನ್ನ ರೂಢಿ. ಆ ದಿನ ಏಕೋ ತೆರೆದೆ. ಆರ್ಥಿಕ ವರ್ಷ ಪೂರ್ತಿ ನಾವು ಕಟ್ಟಿದ್ದು 3,72,144 ರೂಪಾಯಿ. ಅದರಲ್ಲಿ ಬಡ್ಡಿಗೆ ಹೋದದ್ದು 3,20,473, ಅಸಲಿಗೆ ಸಂದದ್ದು 51,671. ಹಾಗಾದರೆ ಈ ತಿಂಗಳು ಏನಾಗಿದೆ ಎಂದು ನೋಡಿದರೆ, 31,012 ರೂಪಾಯಿಯ ಕಂತಿನಲ್ಲಿ 30,569 ಬಡ್ಡಿಗೆ ಹೋಗಿ, ಅಸಲಿಗೆ ಉಳಿದದ್ದು 443 ರೂಪಾಯಿ. ಅದರ ಹಿಂದಿನ ಭಾನುವಾರ ನಾವು ನಾಲ್ವರು ಹೋಟೆಲಿನಲ್ಲಿ ತಿಂಡಿ ತಿಂದು ಕಾಫಿ ಕುಡಿದಿದ್ದಕ್ಕೆ ಇದಕ್ಕಿಂತ ಹೆಚ್ಚು ಬಿಲ್ಲಾಗಿತ್ತು.

ಸಾಲ ಪಡೆದದ್ದು 2021ರ ಏಪ್ರಿಲ್‌ನಲ್ಲಿ: ಕೆಂಗೇರಿಯ ಹತ್ತಿರ 52 ಲಕ್ಷದ ಒಂದು ಸಿದ್ಧ ಫ್ಲಾಟು, 40 ಲಕ್ಷ ಸಾಲ, ಶೇಕಡಾ 7 ಬಡ್ಡಿ, 240 ತಿಂಗಳು. ಆಗ ರೆಪೊ ದರ, ಎಂದರೆ ರಿಸರ್ವ್ ಬ್ಯಾಂಕು ಇತರ ಬ್ಯಾಂಕುಗಳಿಗೆ ಸಾಲ ಕೊಡುವ ದರ, ಶೇಕಡಾ 4ಕ್ಕೆ ಇಳಿದು ಸುಮಾರು ಒಂದು ವರ್ಷವಾಗಿತ್ತು. "ಇಷ್ಟು ಅಗ್ಗದ ಸಾಲ ಮತ್ತೆ ಸಿಗುವುದಿಲ್ಲ" ಎಂದು ಎಲ್ಲರೂ ಹೇಳುತ್ತಿದ್ದರು, ನಾನೂ ಹೇಳಿದ್ದೆ. ಅಗ್ಗವಾಗಿದ್ದುದು ಅಂದಿನ ದರ ಮಾತ್ರ, ಸಾಲವಲ್ಲ ಎಂಬ ಮಾತು ಯಾರ ಬಾಯಲ್ಲೂ ಬರಲಿಲ್ಲ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಹೊಸ ಚರ (ಏರಿಳಿಯುವ) ಬಡ್ಡಿಯ ಗೃಹಸಾಲಗಳೆಲ್ಲ ಹೊರಗಿನ ಒಂದು ಮಾನದಂಡಕ್ಕೆ, ಬಹುಪಾಲು ರೆಪೊ ದರಕ್ಕೇ, ಕಟ್ಟುಬಿದ್ದಿವೆ. ನನ್ನದು ರೆಪೊ ದರದ ಮೇಲೆ ಮೂರು. 2022ರ ಮೇ ತಿಂಗಳಿನಿಂದ 2023ರ ಫೆಬ್ರವರಿಯೊಳಗೆ ರೆಪೊ ದರ ಶೇಕಡಾ 4ರಿಂದ 6.5ಕ್ಕೆ ಹತ್ತಿತು, ನನ್ನ ಬಡ್ಡಿಯೂ ಅದರ ಬೆನ್ನ ಹಿಂದೆಯೇ ಮೂರು ತಿಂಗಳಿಗೊಮ್ಮೆ ಹತ್ತುತ್ತಾ 9.5ಕ್ಕೆ ಬಂದು ನಿಂತಿತು. ಎರಡೂವರೆ ಎಂದರೆ ಕಿವಿಗೆ ಸಣ್ಣದಾಗಿ ಕೇಳಿಸುತ್ತದೆ. ಆದರೆ ಏಳರ ಮೇಲೆ ಎರಡೂವರೆ ಎಂದರೆ ಬಡ್ಡಿಯ ಹೊರೆ ಮೂರನೆಯ ಒಂದು ಪಾಲಿಗಿಂತಲೂ ಹೆಚ್ಚಾದಂತೆ.

ಇಷ್ಟಾದರೂ ತಿಂಗಳ ಕಂತು ಒಂದು ರೂಪಾಯಿಯೂ ಬದಲಾಗಲಿಲ್ಲ. ನಾನು ಗಮನಿಸದೆ ಹೋದದ್ದೂ ಅದೇ ಕಾರಣಕ್ಕೆ. ಪ್ರತಿ ತಿಂಗಳ 5ರಂದು ಖಾತೆಯಿಂದ 31,012 ಕಡಿತವಾದ ಸಂದೇಶ ಬರುತ್ತಿತ್ತು. ನಡುನಡುವೆ "ನಿಮ್ಮ ಸಾಲದ ಬಡ್ಡಿದರವನ್ನು ಪರಿಷ್ಕರಿಸಲಾಗಿದೆ" ಎಂಬ ಇನ್ನೊಂದು ಸಂದೇಶ ಬರುತ್ತಿದ್ದುದೂ ನಿಜ. ಜಾಹೀರಾತಿನ ಸಂದೇಶಗಳ ಜೊತೆಗೆ ಅದನ್ನೂ ಅಳಿಸಿಹಾಕುತ್ತಿದ್ದೆ. ಬ್ಯಾಂಕು ಕಂತನ್ನು ಹಾಗೆಯೇ ಇಟ್ಟು ಅವಧಿಯನ್ನು ಎಳೆದಿತ್ತು. ಎಷ್ಟು ಎಳೆದಿದೆ ಎಂಬುದು ಆ ಪ್ರಮಾಣಪತ್ರದಲ್ಲಿ ಎಲ್ಲಿಯೂ ಇರಲಿಲ್ಲ. ರಾತ್ರಿ ಮಕ್ಕಳು ಮಲಗಿದ ಮೇಲೆ ಎಕ್ಸೆಲ್ ತೆರೆದು ಲೆಕ್ಕ ಹಾಕಿದೆ. 38.61 ಲಕ್ಷ ಬಾಕಿ, ಶೇಕಡಾ 9.5, ಕಂತು 31,012. ಉತ್ತರ 539 ತಿಂಗಳು ಎಂದು ಬಂದಿತು. ಸೂತ್ರದಲ್ಲಿ ಏನೋ ತಪ್ಪಾಗಿರಬೇಕೆಂದು ಮತ್ತೆ ಹಾಕಿದೆ, ಮತ್ತೆ ಅದೇ. ಹತ್ತಿರಹತ್ತಿರ 45 ವರ್ಷ. ನನಗೆ ಆಗ 38. ಸಾಲ ತೀರುವಾಗ 83. ಪಕ್ಕದಲ್ಲಿ ಕುಳಿತು ನೋಡುತ್ತಿದ್ದ ನನ್ನ ಹೆಂಡತಿ ಕೇಳಿದ್ದು ಒಂದೇ ಮಾತು: "ಅಂದ್ರೆ ಎರಡು ವರ್ಷದಿಂದ ಕಟ್ಟಿದ್ದೆಲ್ಲ ಬಾಡಿಗೆನೇ ಅಲ್ವಾ?" ಅವಳ ಲೆಕ್ಕ ತಪ್ಪಿರಲಿಲ್ಲ. 24 ಕಂತುಗಳಲ್ಲಿ ನಾವು ಕಟ್ಟಿದ್ದು 7.44 ಲಕ್ಷ, ಸಾಲ ಇಳಿದದ್ದು 1.39 ಲಕ್ಷ.

ಮಾರನೆಯ ವಾರ ಶಾಖೆಗೆ ಹೋದೆ. ಅಲ್ಲಿನ ಅಧಿಕಾರಿ ಸಜ್ಜನರು, ಕುರ್ಚಿ ಕೊಟ್ಟು ಕೂರಿಸಿ ಕಂಪ್ಯೂಟರ್ ನೋಡಿ, "ನಿಮ್ಮ ಇಎಂಐ ಏನೂ ಜಾಸ್ತಿ ಆಗಿಲ್ವಲ್ಲ ಸರ್, ಮತ್ತೇನು ತೊಂದರೆ?" ಎಂದರು. ಅವರು ನನ್ನನ್ನು ಸಮಾಧಾನಪಡಿಸಲೆಂದೇ ಹಾಗೆ ಹೇಳಿದರು, ವ್ಯಂಗ್ಯ ಇರಲಿಲ್ಲ. ನಾನು ಇಷ್ಟುದ್ದ ಬರೆಯುತ್ತಿರುವುದಕ್ಕೆ ಆ ಮಾತೇ ಕಾರಣ. ಗೃಹಸಾಲದ ವಿಷಯದಲ್ಲಿ ನಾವೆಲ್ಲ, ಬ್ಯಾಂಕಿನವರೂ ಸೇರಿ, ಕೇಳುವುದು ಎರಡೇ ಪ್ರಶ್ನೆ: ಬಡ್ಡಿ ಎಷ್ಟು, ಕಂತು ಎಷ್ಟು. ಇನ್ನೆಷ್ಟು ಕಂತು ಬಾಕಿ ಎಂಬ ಮೂರನೆಯ ಪ್ರಶ್ನೆ ಸಾಲ ಪಡೆಯುವ ದಿನ ಒಮ್ಮೆ ಕೇಳಿ ಮರೆತುಹೋಗುತ್ತದೆ. ಸಾಲದ ನಿಜವಾದ ಬೆಲೆ ಇರುವುದು ಆ ಮೂರನೆಯ ಸಂಖ್ಯೆಯಲ್ಲಿ.

ಒಂದು ಉದಾಹರಣೆ ನೋಡಿ. ಶೇಕಡಾ 8.5ರಲ್ಲಿ 40 ಲಕ್ಷ ಸಾಲವನ್ನು 20 ವರ್ಷಕ್ಕೆ ತೆಗೆದುಕೊಂಡರೆ ಕಂತು 34,713 ರೂಪಾಯಿ, ಒಟ್ಟು ಬಡ್ಡಿ 43.3 ಲಕ್ಷ. ಅದನ್ನೇ 30 ವರ್ಷಕ್ಕೆ ಮಾಡಿಕೊಂಡರೆ ಕಂತು 30,757ಕ್ಕೆ ಇಳಿಯುತ್ತದೆ, ಬಡ್ಡಿ 70.7 ಲಕ್ಷಕ್ಕೆ ಏರುತ್ತದೆ. ತಿಂಗಳಿಗೆ ನಾಲ್ಕು ಸಾವಿರದಷ್ಟು ಹಗುರವಾಗಲೆಂದು 27 ಲಕ್ಷ ಹೆಚ್ಚು ಕೊಡಲು ನಾವು ಸಹಿ ಹಾಕುತ್ತೇವೆ. ದರದಲ್ಲಿ ಕಾಲು ಶೇಕಡಾ ಕಡಿಮೆ ಮಾಡಿಸಿಕೊಳ್ಳಲು ನಾಲ್ಕು ಬ್ಯಾಂಕು ಅಲೆಯುವ ನಾವು, ಅವಧಿಯ ಚೌಕದಲ್ಲಿ ಏಜೆಂಟ್ ಏನು ತುಂಬಿದ್ದಾನೆಂದು ನೋಡುವುದಿಲ್ಲ.

ಇಲ್ಲಿ ಒಂದು ನ್ಯಾಯದ ಮಾತನ್ನೂ ಹೇಳಬೇಕು. "40 ಲಕ್ಷಕ್ಕೆ 83 ಲಕ್ಷ ಕಟ್ಟುತ್ತೀರಿ, ಬ್ಯಾಂಕು ಸುಲಿಗೆ ಮಾಡುತ್ತಿದೆ" ಎಂದು ಹೆದರಿಸುವ ವಿಡಿಯೊಗಳು ಹೇಳುವುದು ಅರ್ಧ ಸತ್ಯ. ಇಪ್ಪತ್ತನೆಯ ವರ್ಷದಲ್ಲಿ ಕೊಡುವ 34 ಸಾವಿರಕ್ಕೆ ಇಂದಿನ 34 ಸಾವಿರದ ಬೆಲೆ ಇರುವುದಿಲ್ಲ. ಸಂಬಳ ಏರುತ್ತಾ ಹೋದಂತೆ ಅದೇ ಕಂತು ಹಗುರವಾಗುತ್ತದೆ. ನನ್ನ ತಂದೆ ತೊಂಬತ್ತರ ದಶಕದಲ್ಲಿ ಪಡೆದ ಸಾಲದ ಕಂತು ಮೊದಲು ಅವರ ಸಂಬಳದ ಅರ್ಧವನ್ನು ನುಂಗುತ್ತಿತ್ತು, ನಿವೃತ್ತಿಯ ಹೊತ್ತಿಗೆ ಮನೆಯ ದಿನಸಿ ಬಿಲ್ಲಿಗಿಂತ ಕಡಿಮೆಯಾಗಿತ್ತು. ಆದರೆ ಅವರ ಕಂತಿಗೆ ಒಂದು ಕೊನೆಯ ದಿನವಿತ್ತು, ಅದು ಅಲುಗಾಡಲಿಲ್ಲ. ಹಣದುಬ್ಬರ ಸಾಲಗಾರನ ಕೈ ಹಿಡಿಯಬೇಕಾದರೆ ಸಾಲ ಕರಗುತ್ತಿರಬೇಕು. ತಿಂಗಳಿಗೆ 443 ರೂಪಾಯಿ ಕರಗುವ ಸಾಲಕ್ಕೆ ಆ ಉಪಕಾರ ಬಹಳ ಕಾಲ ತಲುಪುವುದೇ ಇಲ್ಲ.

ತೆರಿಗೆ ಉಳಿಯುತ್ತದಲ್ಲ ಎಂಬ ಸಮಾಧಾನವೂ ನನಗಿತ್ತು. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ ಹೆಚ್ಚೆಂದರೆ 2 ಲಕ್ಷ ವಿನಾಯಿತಿ. ಶೇಕಡಾ 20ರ ಹಂತದಲ್ಲಿರುವವರಿಗೆ ಇದರಿಂದ ಸೆಸ್ ಸೇರಿ ಉಳಿಯುವುದು 41,600 ರೂಪಾಯಿ. ಅದನ್ನು ಉಳಿಸಲು ನಾನು ಆ ವರ್ಷ ಕೊಟ್ಟದ್ದು 3.20 ಲಕ್ಷ. ಈಗ ಬಹಳಷ್ಟು ಜನ ಆರಿಸಿಕೊಳ್ಳುತ್ತಿರುವ ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಆ ವಿನಾಯಿತಿಯೂ ಇಲ್ಲ. ಆದರೂ "ಟ್ಯಾಕ್ಸ್ ಉಳಿಸೋಕೆ ಲೋನ್ ಇರಲಿ ಬಿಡಿ" ಎನ್ನುವ ಹಿತೈಷಿಗಳು ಪ್ರತಿ ಕಚೇರಿಯಲ್ಲೂ ಒಬ್ಬರಿರುತ್ತಾರೆ.

ಸಾಲದ ಪತ್ರದಲ್ಲಿ ಕಾಣದ ಖರ್ಚುಗಳದು ಬೇರೆಯೇ ಕತೆ, ಅದನ್ನು ಬೇಗ ಹೇಳಿ ಮುಗಿಸುತ್ತೇನೆ. ಕರ್ನಾಟಕದಲ್ಲಿ 45 ಲಕ್ಷಕ್ಕಿಂತ ಹೆಚ್ಚಿನ ಆಸ್ತಿಗೆ ನಗರ ಪ್ರದೇಶದಲ್ಲಿ ಮುದ್ರಾಂಕ ಶುಲ್ಕ, ಸೆಸ್, ಸರ್‌ಚಾರ್ಜ್ ಸೇರಿ ಶೇಕಡಾ 5.6, ನೋಂದಣಿ ಶುಲ್ಕ ನನ್ನ ಕಾಲಕ್ಕೆ ಶೇಕಡಾ 1 ಇತ್ತು, 2025ರ ಆಗಸ್ಟ್ 31ರಿಂದ 2 ಆಗಿದೆ. ಅಂದು 3.43 ಲಕ್ಷ ಕೊಟ್ಟ ನನ್ನ ಫ್ಲಾಟಿಗೆ ಇಂದಾದರೆ 3.95 ಲಕ್ಷ. ಬ್ಯಾಂಕು ಮನೆಯ ಬೆಲೆ ಲೆಕ್ಕ ಹಾಕುವಾಗ ಈ ಮೊತ್ತವನ್ನು ಸೇರಿಸಿಕೊಳ್ಳುವುದಿಲ್ಲವಾದ್ದರಿಂದ, ಅದು ಪೂರ್ತಿ ಕೈಯಿಂದಲೇ ಹೋಗಬೇಕು. ನಾವು ಅಮ್ಮನ ಬಳೆ ಮತ್ತು ಅವಲಕ್ಕಿ ಸರವನ್ನು ಸಹಕಾರ ಸಂಘದಲ್ಲಿ ಅಡವಿಟ್ಟೆವು. ಆ ಬಡ್ಡಿಯೂ ಮನೆಯ ಬೆಲೆಯೇ, ಆದರೆ ಯಾವ ಪ್ರಮಾಣಪತ್ರದಲ್ಲೂ ಅದು ಕಾಣುವುದಿಲ್ಲ. ನನ್ನ ಸಹೋದ್ಯೋಗಿಯೊಬ್ಬರಿಗೆ ಸಾಲದ ಜೊತೆಗೆ 92,000 ರೂಪಾಯಿಯ ಒಂದೇ ಕಂತಿನ ವಿಮೆ ಮಾಡಿಸಿ, ಆ ಹಣವನ್ನು ಸಾಲಕ್ಕೇ ಸೇರಿಸಿದ್ದರು. 20 ವರ್ಷಕ್ಕೆ ಶೇಕಡಾ 8.5ರಲ್ಲಿ ಆ 92 ಸಾವಿರ 1.92 ಲಕ್ಷವಾಗುತ್ತದೆ. ಮನೆ ನಡೆಸುವವರಿಗೆ ಜೀವವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಪ್ರೀಮಿಯಂಗೂ ಬಡ್ಡಿ ಕಟ್ಟಬೇಕೇ ಎಂಬುದಷ್ಟೇ ಪ್ರಶ್ನೆ.

ಮತ್ತೆ ಶಾಖೆಗೆ ಬರುತ್ತೇನೆ. ಉಳಿದ 216 ತಿಂಗಳಲ್ಲೇ ಸಾಲ ತೀರಬೇಕಾದರೆ ಕಂತು ಎಷ್ಟಾಗಬೇಕು ಎಂದು ಕೇಳಿದೆ. 37,370 ಎಂದರು. ತಿಂಗಳಿಗೆ 6,358 ಹೆಚ್ಚು. ನಮ್ಮಂಥ ಮನೆಗೆ ಅದು ಸಣ್ಣ ಮೊತ್ತವಲ್ಲ. ಮಗಳ ಸಂಗೀತ ಪಾಠವನ್ನು ಮುಟ್ಟದೆ, ಕಾರನ್ನು ಇನ್ನೂ ನಾಲ್ಕು ವರ್ಷ ಓಡಿಸುವುದೆಂದು ತೀರ್ಮಾನಿಸಿ, ಕಂತು ಏರಿಸಲು ಬಿಳಿ ಹಾಳೆಯಲ್ಲಿ ಅರ್ಜಿ ಬರೆದುಕೊಟ್ಟೆವು. "ಎಲ್ಲರೂ ಇಳಿಸಿ ಅಂತ ಬರ್ತಾರೆ" ಎಂದು ಆ ಅಧಿಕಾರಿ ನಕ್ಕರು. ಜೊತೆಗೆ ಚೀಟಿಯಿಂದ ಬಂದಿದ್ದ ಒಂದು ಲಕ್ಷವನ್ನು ಅಸಲಿಗೆ ಕಟ್ಟಿದೆವು. ಚರ ಬಡ್ಡಿಯ ಗೃಹಸಾಲವನ್ನು ಮುಂಚಿತವಾಗಿ ತೀರಿಸಿದರೆ ವ್ಯಕ್ತಿಗಳಿಂದ ದಂಡ ವಸೂಲಿ ಮಾಡುವಂತಿಲ್ಲ ಎಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಬ್ಯಾಂಕುಗಳಿಗೆ ಹೇಳಿದೆ. ಆ ಒಂದು ಲಕ್ಷದಿಂದ ಕೊನೆಯ 14 ಕಂತುಗಳು ಇಲ್ಲವಾದವು, ಎಂದರೆ 5.2 ಲಕ್ಷ. ಇದರಲ್ಲಿ ಮಾಯಾಮಂತ್ರವೇನೂ ಇಲ್ಲ: ಒಂದು ಲಕ್ಷ ರೂಪಾಯಿ 17–18 ವರ್ಷ ಶೇಕಡಾ 9.5ರಲ್ಲಿ ಬೆಳೆದರೆ ಅಷ್ಟೇ ಆಗುತ್ತದೆ. ಆದರೆ ತೆರಿಗೆಯನ್ನೂ ಕಟ್ಟದೆ, ಅಪಾಯವೂ ಇಲ್ಲದೆ 9.5 ಕೊಡುವ ಠೇವಣಿ ನನಗೆ ಬೇರೆಲ್ಲೂ ಸಿಗುತ್ತಿರಲಿಲ್ಲ. ಮುಂಗಡ ಕಟ್ಟಿದಾಗ "ಇಎಂಐ ಕಡಿಮೆ ಮಾಡಲೇ, ಅವಧಿ ಕಡಿಮೆ ಮಾಡಲೇ" ಎಂದು ಕೇಳುತ್ತಾರೆ, ಕೇಳದಿದ್ದರೆ ನೀವೇ ಹೇಳಿ. ಅವಧಿ ಎಂದು ಬರವಣಿಗೆಯಲ್ಲಿ ಕೊಡಿ.

ಅದಾಗಿ ಮೂರು ತಿಂಗಳಿಗೆ, 2023ರ ಆಗಸ್ಟ್ 18ರಂದು, ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿತು. ಬಡ್ಡಿದರ ಬದಲಾಗುವಾಗ ಕಂತು ಏರಿಸುವುದೋ, ಅವಧಿ ಹೆಚ್ಚಿಸುವುದೋ, ಎರಡನ್ನೂ ಸೇರಿಸುವುದೋ ಎಂಬ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕು. ಇದುವರೆಗೆ ವಸೂಲಾದ ಅಸಲು ಮತ್ತು ಬಡ್ಡಿ, ಬಾಕಿ ಇರುವ ಕಂತುಗಳ ಸಂಖ್ಯೆ ಇವನ್ನೆಲ್ಲ ಮೂರು ತಿಂಗಳಿಗೊಮ್ಮೆ ತಿಳಿಸಬೇಕು. ಅವಧಿ ಎಳೆದ ಕಾರಣಕ್ಕೆ ಕಂತು ಬಡ್ಡಿಗೂ ಸಾಲದೆ ಸಾಲವೇ ಬೆಳೆಯುವಂತಾಗಬಾರದು ಎಂದೆಲ್ಲ ಅದರಲ್ಲಿತ್ತು. ಓದಿದಾಗ ನನ್ನ ಹಾಗೆ ಎಕ್ಸೆಲ್ ಮುಂದೆ ಕುಳಿತವರು ಇನ್ನೂ ಬಹಳ ಮಂದಿ ಇದ್ದರೆಂದು ತಿಳಿಯಿತು. ಈಗ ಆ ತ್ರೈಮಾಸಿಕ ವಿವರ ಇಮೇಲ್‌ಗೆ ಬರುತ್ತದೆ. ಸಾಲ ಇರುವ ಸ್ನೇಹಿತರು ಇಂದೇ ಅದನ್ನು ಹುಡುಕಿ ತೆರೆಯಿರಿ. ಬಾಕಿ ಕಂತುಗಳ ಸಂಖ್ಯೆಯನ್ನು 12ರಿಂದ ಭಾಗಿಸಿ, ಅದಕ್ಕೆ ನಿಮ್ಮ ವಯಸ್ಸನ್ನು ಕೂಡಿಸಿ ನೋಡಿ. ಹಾಗೆಯೇ, ಹೊಸ ಗ್ರಾಹಕರಿಗೆ ನಿಮ್ಮ ಬ್ಯಾಂಕು ರೆಪೊ ದರದ ಮೇಲೆ ಎಷ್ಟು ಹಾಕುತ್ತಿದೆ ಎಂದು ಕೇಳಿ. ನಿಮ್ಮದಕ್ಕಿಂತ ಕಡಿಮೆ ಇದ್ದರೆ, ಸ್ವಲ್ಪ ಶುಲ್ಕ ಕಟ್ಟಿಸಿಕೊಂಡು ಬದಲಿಸಿಕೊಡುವುದುಂಟು. ತಾನಾಗಿಯೇ ಬಂದು ಹೇಳುವುದಿಲ್ಲ.

"ಮನೆ ಬೆಲೆ ಎರಡರಷ್ಟಾಯಿತಲ್ಲ, ಬಡ್ಡಿಯ ಚಿಂತೆ ಏಕೆ" ಎಂದು ನಮ್ಮ ಸೋದರಮಾವ ಕೇಳುತ್ತಾರೆ. 2008ರಲ್ಲಿ 30 ಲಕ್ಷಕ್ಕೆ ಕೊಂಡ ಮನೆಯನ್ನು 15 ವರ್ಷದ ಮೇಲೆ 75 ಲಕ್ಷಕ್ಕೆ ಮಾರಿದ ಅವರು, 45 ಲಕ್ಷ ಲಾಭವೆಂದು ಮದುವೆಮನೆಗಳಲ್ಲಿ ಹೇಳುತ್ತಾರೆ. 24 ಲಕ್ಷ ಸಾಲಕ್ಕೆ ಶೇಕಡಾ 10ರಂತೆ 15 ವರ್ಷ ಕಟ್ಟಿದ 46.4 ಲಕ್ಷ ಮತ್ತು ಕೈಯಿಂದ ಹಾಕಿದ 6 ಲಕ್ಷ ಸೇರಿಸಿದರೆ ಮನೆ ಅವರಿಗೆ ಬಿದ್ದದ್ದು 52 ಲಕ್ಷಕ್ಕೆ, ನೋಂದಣಿ, ಸುಣ್ಣಬಣ್ಣ, ಆಸ್ತಿ ತೆರಿಗೆ ಬಿಟ್ಟು. ಹದಿನೈದು ವರ್ಷ ಬಾಡಿಗೆ ಕೊಡದೆ ಅಲ್ಲಿ ಬಾಳಿದ್ದು ಮಾತ್ರ ನಿಜವಾದ ಗಳಿಕೆ, ಅದನ್ನು ಅವರು ಲೆಕ್ಕಕ್ಕೇ ಹಿಡಿಯುವುದಿಲ್ಲ. ಮಾವನವರ ಮುಂದೆ ಈ ಲೆಕ್ಕ ಹೇಳುವ ಧೈರ್ಯ ನನಗೆ ಇನ್ನೂ ಬಂದಿಲ್ಲ.

ಮನೆ ಕೊಂಡದ್ದಕ್ಕೆ ನನಗೆ ಪಶ್ಚಾತ್ತಾಪವಿಲ್ಲ. ವರ್ಷಕ್ಕೊಮ್ಮೆ ಬಾಡಿಗೆ ಏರಿಸುವ ಮಾಲೀಕರ ಫೋನು ಬರದಿರುವುದಕ್ಕೂ ಒಂದು ಬೆಲೆಯಿದೆ. 2025ರಲ್ಲಿ ರೆಪೊ ದರ ನಾಲ್ಕು ಸಲ ಇಳಿದು 5.25ಕ್ಕೆ ಬಂದಿತು, ನನ್ನ ಬಡ್ಡಿ 2026ರ ಜನವರಿಯಿಂದ 8.25. ಕಂತು ಇಳಿಸಿಕೊಳ್ಳುವಿರಾ ಎಂಬ ಸಂದೇಶ ಬಂದಿತ್ತು, ಬೇಡವೆಂದೆ. ಅದೇ 37,370ರಲ್ಲಿ ಈ ತಿಂಗಳು ಅಸಲಿಗೆ ಹೋದದ್ದು 13,546 ರೂಪಾಯಿ. ಮೊದಲಿನ ಕರಾರಿನ ಪ್ರಕಾರ 2041ರ ಏಪ್ರಿಲ್‌ಗೆ ಮುಗಿಯಬೇಕಿದ್ದುದು, ದರ ಹೀಗೆಯೇ ಇದ್ದರೆ, 2038ರ ಏಪ್ರಿಲ್‌ಗೆ ಮುಗಿಯುತ್ತದೆ. ಅಡುಗೆಮನೆಯ ಕ್ಯಾಲೆಂಡರಿನಲ್ಲಿ ಹಾಲಿನ ಲೆಕ್ಕದ ಪಕ್ಕ, ಪ್ರತಿ ತಿಂಗಳ 5ರ ಚೌಕದಲ್ಲಿ, ಬಾಕಿ ಕಂತುಗಳ ಸಂಖ್ಯೆಯನ್ನು ನನ್ನ ಹೆಂಡತಿ ಪೆನ್ಸಿಲಿನಲ್ಲಿ ಬರೆದಿಡುತ್ತಾಳೆ. ಈ ತಿಂಗಳು 147 ಎಂದಿದೆ.